ಚಾಟಮ್ ದ್ವೀಪದ ಮೊರಿಯೋರಿ ಜನ ನಿಜವಾಗಿಯೂ ನಿರ್ನಾಮ ಆದರಾ?

ತುಂಗಾತೀರ

ಎಲ್ಲರಿಗೂ ನಮಸ್ಕಾರ. ಮೊನ್ನೆ ಮಗಳ ಜೊತೆ ಗ್ಲೋಬ್ ತಿರುಗಿಸುತ್ತಾ ಕೂತಿದ್ದೆ. ನ್ಯೂಜಿಲೆಂಡಿನ ಬಲಕ್ಕೆ, ನಟ್ಟನಡು ಸಮುದ್ರದಲ್ಲಿ, ಸಾಸಿವೆ ಕಾಳಿನಷ್ಟು ಒಂದು ಚುಕ್ಕೆ. "ಚಾಟಮ್ ದ್ವೀಪಗಳು" ಅಂತ ಬರೆದಿತ್ತು. "ಅಪ್ಪಾ, ಅಲ್ಲಿ ಯಾರಾದ್ರೂ ಇದ್ದಾರಾ?" ಅಂದಳು. ಗೊತ್ತಿಲ್ಲ ಅನ್ನಲು ಮನಸ್ಸು ಬರಲಿಲ್ಲ. ನೋಡಿ ಹೇಳ್ತೀನಿ ಅಂದೆ.

ಹುಡುಕಿದರೆ ಎರಡು ಥರದ ಉತ್ತರ ಸಿಕ್ಕಿತು. ಒಂದು ಕಡೆ: ಅಲ್ಲಿ ಮೊರಿಯೋರಿ ಅನ್ನುವ ಜನ ಇದ್ದರು, ಯಾರನ್ನೂ ಕೊಲ್ಲುವುದಿಲ್ಲ ಅಂತ ಕಟ್ಟುಪಾಡು ಹಾಕಿಕೊಂಡಿದ್ದರು, ನ್ಯೂಜಿಲೆಂಡಿನ ಮೂಲಜನರಾದ ಮಾವೋರಿಗಳು ಬಂದು ಅವರನ್ನು ಮುಗಿಸಿದರು, 1933ರಲ್ಲಿ ಕೊನೆಯವನೂ ಸತ್ತ. ಇನ್ನೊಂದು ಕಡೆ: 2020ರಲ್ಲಿ ನ್ಯೂಜಿಲೆಂಡ್ ಸರ್ಕಾರ ಮೊರಿಯೋರಿ ಜನರ ಜೊತೆ ಒಪ್ಪಂದಕ್ಕೆ ಸಹಿ ಹಾಕಿತು.

ಸತ್ತುಹೋದವರ ಜೊತೆ ಒಪ್ಪಂದ ಹೇಗೆ? ಗೊತ್ತಿದ್ದವರು ತಿಳಿಸಿ.

ವೆಲ್ಲಿಂಗ್ಟನ್ ವಾಸಿ

ಒಳ್ಳೆ ಪ್ರಶ್ನೆ ಸರ್. ನಾನು ಹನ್ನೊಂದು ವರ್ಷದಿಂದ ವೆಲ್ಲಿಂಗ್ಟನ್‌ನಲ್ಲಿದ್ದೇನೆ, ಊರು ತಿಪಟೂರು. ಎರಡು ವರ್ಷದ ಹಿಂದೆ ಐದು ದಿನ ಚಾಟಮ್‌ಗೆ ಹೋಗಿ ಬಂದೆ. ಆ ಜನ ಇದ್ದಾರೆ. ನಾನೇ ಅವರ ಜೊತೆ ಕೂತು ಟೀ ಕುಡಿದಿದ್ದೇನೆ.

ಮೊದಲು ಜಾಗದ ಬಗ್ಗೆ ಸ್ವಲ್ಪ. ನ್ಯೂಜಿಲೆಂಡಿನಿಂದ ಪೂರ್ವಕ್ಕೆ ಸುಮಾರು 800 ಕಿ.ಮೀ. ವಿಮಾನದಲ್ಲಿ ಎರಡು ಗಂಟೆ ಚಿಲ್ಲರೆ. ಜನ ವಾಸ ಇರುವ ದ್ವೀಪ ಎರಡೇ. ದೊಡ್ಡದು ಚಾಟಮ್. ಅಲ್ಲಿಂದ ಆಗ್ನೇಯಕ್ಕೆ ಸುಮಾರು 20 ಕಿ.ಮೀ. ದೂರದಲ್ಲಿ ಪುಟ್ಟದು ಪಿಟ್. ಎರಡೂ ಸೇರಿ ಜನಸಂಖ್ಯೆ ಆರುನೂರರ ಆಸುಪಾಸು. ನಮ್ಮೂರಿನ ಒಂದು ಮದುವೆಗೆ ಬರುವ ಜನ ಇದಕ್ಕಿಂತ ಜಾಸ್ತಿ. ಉಳಿದವು ಹಕ್ಕಿಗಳಿಗೆ ಬಿಟ್ಟ ಬಂಡೆ ದ್ವೀಪಗಳು.

ದೊಡ್ಡ ದ್ವೀಪಕ್ಕೆ ಮೊರಿಯೋರಿ ಭಾಷೆಯಲ್ಲಿ ರೇಕೊಹು ಅಂತ ಹೆಸರು. ಮಂಜು ಮುಸುಕಿದ ಸೂರ್ಯ ಅಂತ ಅರ್ಥ ಹೇಳುತ್ತಾರೆ. ಐದು ದಿನದಲ್ಲಿ ನನಗೆ ಬಿಸಿಲು ಕಂಡದ್ದು ಒಂದೂವರೆ ದಿನ. ಹೆಸರಿಟ್ಟವರಿಗೆ ಊರು ಚೆನ್ನಾಗಿ ಗೊತ್ತಿತ್ತು.

ಮಾವೋರಿಯಲ್ಲಿ ಅದಕ್ಕೇ ಫಾರೆಕೌರಿ ಅನ್ನುತ್ತಾರೆ. ಚಾಟಮ್ ಅನ್ನುವುದು 1791ರಲ್ಲಿ ಅಲ್ಲಿಗೆ ಬಂದ ಬ್ರಿಟಿಷ್ ಹಡಗಿನ ಹೆಸರು. ಒಂದೇ ನೆಲಕ್ಕೆ ಮೂರು ಹೆಸರು. ನೀವು ಯಾವ ಹೆಸರು ಹೇಳುತ್ತೀರಿ ಅನ್ನುವುದರ ಮೇಲೆ ಅಲ್ಲಿನವರು ನಿಮ್ಮನ್ನು ಅಳೆಯುತ್ತಾರೆ. ಚರಿತ್ರೆ ಸಂಜೆ ಬರೆಯುತ್ತೇನೆ, ಈಗ ಮೀಟಿಂಗ್ ಇದೆ.

ಅಡ್ಡಮಾತು

ಸಂಜೆ ಅಂದರೆ ನಿಮ್ಮ ಸಂಜೆಯೋ ನಮ್ಮ ಸಂಜೆಯೋ?

ವೆಲ್ಲಿಂಗ್ಟನ್ ವಾಸಿ

ಹ್ಹ. ಚಾಟಮ್‌ನ ಸಂಜೆ ಅಂದಿದ್ದರೆ ಇನ್ನೂ ಮಜಾ. ಅವರ ಗಡಿಯಾರ ನ್ಯೂಜಿಲೆಂಡಿಗಿಂತ 45 ನಿಮಿಷ ಮುಂದೆ. ಒಂದು ಗಂಟೆಯೂ ಅಲ್ಲ, ಅರ್ಧ ಗಂಟೆಯೂ ಅಲ್ಲ. ನಮ್ಮ ದೇಶಕ್ಕಿಂತ 7 ಗಂಟೆ 15 ನಿಮಿಷ ಮುಂದೆ. ಬೇಸಿಗೆಯಲ್ಲಿ ಗಡಿಯಾರ ಮುಂದೆ ತಿರುಗಿಸಿದಾಗ 8 ಗಂಟೆ 15 ನಿಮಿಷ. ಭೂಪಟದ ಲೆಕ್ಕದಲ್ಲಿ ದ್ವೀಪ ಇರುವುದು 180 ಡಿಗ್ರಿ ರೇಖೆಯ ಆಚೆಗೆ, ಅಂದರೆ ಪಶ್ಚಿಮ ಗೋಳಾರ್ಧದಲ್ಲಿ. ಆದರೂ ದಿನಾಂಕ ರೇಖೆಯನ್ನು ಬಾಗಿಸಿ ಇವರನ್ನು ಈಚೆಗೆ ಸೇರಿಸಿಕೊಂಡಿದ್ದಾರೆ. ಇಲ್ಲವಾದರೆ ವೆಲ್ಲಿಂಗ್ಟನ್‌ನಲ್ಲಿ ಸೋಮವಾರ ಇದ್ದಾಗ ಅಲ್ಲಿ ಭಾನುವಾರ ಆಗಿರುತ್ತಿತ್ತು.

ಕಲ್ಲುಮಣ್ಣು

ಭೂವಿಜ್ಞಾನದ ಕಡೆಯಿಂದ ನಾಲ್ಕು ಮಾತು. ನ್ಯೂಜಿಲೆಂಡಿನ ಸುತ್ತ ಸಮುದ್ರದ ಕೆಳಗೆ ಒಂದು ಮುಳುಗಿದ ಭೂಖಂಡ ಇದೆ, ಜೀಲ್ಯಾಂಡಿಯಾ ಅಂತ. ಅದರ ಒಂದು ದಿಣ್ಣೆ ಪೂರ್ವಕ್ಕೆ ಚಾಚಿಕೊಂಡಿದೆ. ಆ ದಿಣ್ಣೆಯ ತುದಿ ನೀರಿನಿಂದ ಮೇಲೆ ಇಣುಕಿದ ಜಾಗವೇ ಚಾಟಮ್.

ಎತ್ತರದ ಬೆಟ್ಟ ಏನೂ ಇಲ್ಲ. ಎಲ್ಲಕ್ಕಿಂತ ಎತ್ತರದ ಜಾಗವೂ 300 ಮೀಟರ್ ಮುಟ್ಟುವುದಿಲ್ಲ. ದ್ವೀಪದ ನಡುವೆ ತೆ ಫಾಂಗಾ ಅನ್ನುವ ದೊಡ್ಡ ಹಿನ್ನೀರು, ಹೆಚ್ಚುಕಡಿಮೆ ದ್ವೀಪದ ಐದನೇ ಒಂದು ಭಾಗ ಅದೇ. ಅದರ ದಡದಲ್ಲಿ ಒಂದು ಕಡೆ ಕೋಟ್ಯಂತರ ವರ್ಷ ಹಳೆಯ ಶಾರ್ಕ್ ಹಲ್ಲುಗಳು ಸುಮ್ನೆ ಮರಳಿನಲ್ಲಿ ಸಿಗುತ್ತವೆ. ಉತ್ತರದ ಕಡೆ ಓಹಿರಾ ಕೊಲ್ಲಿಯಲ್ಲಿ ಕಂಬಗಲ್ಲುಗಳಿವೆ. ಮಲ್ಪೆಯ ಸೇಂಟ್ ಮೇರೀಸ್ ದ್ವೀಪ ನೋಡಿದವರಿಗೆ ಬೇರೆ ವಿವರಣೆ ಬೇಡ. ಲಾವಾ ತಣ್ಣಗಾಗುವಾಗ ಸೀಳಿ ಮೂಲೆಮೂಲೆಯ ಕಂಬ ಆಗುವುದು ಅಲ್ಲೂ ಇಲ್ಲೂ ಒಂದೇ ಥರ.

ಮಣ್ಣಿನ ವಿಷಯ ಮುಖ್ಯ. ಬಹುಪಾಲು ಪೀಟ್. ಅಂದರೆ ಕೊಳೆತೂ ಕೊಳೆಯದ ಗಿಡಗಂಟಿ ಸಾವಿರಾರು ವರ್ಷ ಒಟ್ಟಿಕೊಂಡು ಆದ ಕಪ್ಪು ಜವುಗು. ಒಣಗಿದಾಗ ಬೆಂಕಿ ಬಿದ್ದರೆ ನೆಲದ ಒಳಗೇ ವರ್ಷಗಟ್ಟಲೆ ಹೊಗೆಯಾಡುತ್ತದೆ. ಜೊತೆಗೆ ಚಳಿ, ನಿಲ್ಲದ ಗಾಳಿ. ಪಾಲಿನೇಷ್ಯಾದ (ಪೆಸಿಫಿಕ್ ಸಾಗರದ ದ್ವೀಪಗಳ) ಜನ ಎಲ್ಲಿಗೆ ಹೋದರೂ ಗೆಣಸು ಒಯ್ಯುತ್ತಿದ್ದರು. ಇಲ್ಲಿ ಗೆಣಸು ಬೆಳೆಯಲಿಲ್ಲ. ಮೊರಿಯೋರಿ ಜನರ ಬದುಕು ಬೇರೆ ದಾರಿ ಹಿಡಿಯಲು ಈ ಒಂದು ಸಂಗತಿ ದೊಡ್ಡ ಕಾರಣ.

ಬೈಂದೂರು ಕಡಲು

ಗೆಣಸಿಲ್ಲ, ಭತ್ತ ಅಂತೂ ಇಲ್ಲ, ಮತ್ತೆ ಏನು ತಿಂದರು ಮಾರಾಯ್ರೆ?

ವೆಲ್ಲಿಂಗ್ಟನ್ ವಾಸಿ

ಸಮುದ್ರ ಕೊಟ್ಟದ್ದು. ಸೀಲ್ ಮಾಂಸ, ಮೀನು, ಚಿಪ್ಪು, ಹಾವುಮೀನು, ಕಡಲಹಕ್ಕಿ. ಆಮೇಲೆ ಕೋಪಿ ಅನ್ನುವ ಮರದ ಹಣ್ಣು. ಈ ಮರವನ್ನು ಅವರ ಪೂರ್ವಜರೇ ನ್ಯೂಜಿಲೆಂಡಿನಿಂದ ತಂದು ನೆಟ್ಟು ತೋಪು ಮಾಡಿದ್ದರು. ಮೇಲಿನ ತಿರುಳು ತಿನ್ನಬಹುದು. ಬೀಜ ವಿಷ. ಅದನ್ನು ಹೊತ್ತುಗಟ್ಟಲೆ ಬೇಯಿಸಿ, ಆಮೇಲೆ ಬಹಳ ದಿನ ನೀರಿನಲ್ಲಿ ನೆನೆಹಾಕಿ ವಿಷ ತೆಗೆಯುತ್ತಿದ್ದರು. ನಮ್ಮಲ್ಲಿ ಕೆಸುವಿನ ತುರಿಕೆ ತೆಗೆಯಲು ಹುಳಿ ಹಾಕಿ ಬೇಯಿಸುತ್ತಾರಲ್ಲ, ಆ ಜಾತಿಯ ತಿಳಿವಳಿಕೆ. ಯಾರೋ ಒಬ್ಬರು ಹೊಟ್ಟೆನೋವು ಪಟ್ಟು ಕಲಿತದ್ದು.

ನಿಮಗೆ ಇಷ್ಟ ಆಗುವುದು ದೋಣಿಯ ವಿಷಯ. ದೋಣಿ ಕೊರೆಯುವಷ್ಟು ದಪ್ಪ ಮರ ಅಲ್ಲಿಲ್ಲ. ಹಾಗಾಗಿ ಫ್ಲಾಕ್ಸ್ ಅನ್ನುವ ನಾರಿನ ಗಿಡದ ಒಣಗಿದ ಹೂದಂಟುಗಳನ್ನು ಕಟ್ಟುಕಟ್ಟಿ ತೆಪ್ಪ ಮಾಡಿದರು. ತೇಲಲು ಗಾಳಿ ತುಂಬಿದ ದೊಡ್ಡ ಕಡಲಪಾಚಿಯನ್ನು ಅಡಿಗೆ ಇಟ್ಟರು. ನೀರು ಒಳಗೆ ಬಂದು ಒಳಗಿಂದಲೇ ಹರಿದು ಹೋಗುತ್ತದೆ.

ಬೈಂದೂರು ಕಡಲು

ನೀರು ಒಳಗೆ ಬರುವ ದೋಣಿಯನ್ನು ಯಾರಾದರೂ ಬೇಕಂತಲೇ ಮಾಡುತ್ತಾರಾ ಅಂತ ಮೊದಲು ನಗು ಬಂತು. ಆಮೇಲೆ ಯೋಚನೆ ಮಾಡಿದೆ. ದೊಡ್ಡ ಅಲೆ ಇರುವ ಕಡೆ ಇದು ಬುದ್ಧಿವಂತಿಕೆಯೇ. ಮುಚ್ಚಿದ ದೋಣಿಗೆ ನೀರು ತುಂಬಿದರೆ ಮುಳುಗುತ್ತದೆ ಅಥವಾ ಮಗುಚುತ್ತದೆ. ತೂತಿನ ತೆಪ್ಪಕ್ಕೆ ತುಂಬುವ ಭಯವೇ ಇಲ್ಲ. ಕೂತವರು ಒದ್ದೆ ಆಗುತ್ತಾರೆ, ಅಷ್ಟೆ. ಆ ಚಳಿಯಲ್ಲಿ ಒದ್ದೆ ಆಗುವುದೂ ಸಣ್ಣ ವಿಷಯ ಅಲ್ಲ ಬಿಡಿ. ಇದರಲ್ಲಿ ಎಷ್ಟು ದೂರ ಹೋಗುತ್ತಿದ್ದರು?

ವೆಲ್ಲಿಂಗ್ಟನ್ ವಾಸಿ

ದೂರದ ಬಂಡೆ ದ್ವೀಪಗಳ ತನಕ, ಆಲ್ಬಟ್ರಾಸ್ ಅನ್ನುವ ದೊಡ್ಡ ಕಡಲಹಕ್ಕಿಯ ಮರಿ ಹಿಡಿಯಲು. ಹಾಗೆ ಹೋಗಿ ಪ್ರಾಣ ಕಳೆದುಕೊಂಡವರೂ ಇದ್ದಾರೆ. ಆದರೆ ಈ ತೆಪ್ಪದಲ್ಲಿ ನ್ಯೂಜಿಲೆಂಡಿಗೆ ವಾಪಸ್ ಹೋಗಲು ಆಗುತ್ತಿರಲಿಲ್ಲ. ಅವರ ಪೂರ್ವಜರು ಬಂದು ಸೇರಿದ್ದು ಸುಮಾರು 1500ರ ಹೊತ್ತಿಗೆ ಅಂತ ವಿದ್ವಾಂಸರ ಲೆಕ್ಕ. ಅವರ ಸ್ವಂತ ಕಥೆಗಳು ಅದಕ್ಕಿಂತ ಹಿಂದಕ್ಕೆ ಹೋಗುತ್ತವೆ. ಬಂದ ಮೇಲೆ ಮುನ್ನೂರು ವರ್ಷ ಹೊರಗಿನವರ ಸುಳಿವಿಲ್ಲ. ಈ ಭೂಮಿಯ ಮೇಲೆ ತಾವು ಮಾತ್ರ.

ಈಗ ಕಟ್ಟುಪಾಡಿನ ಕಥೆ. ಶುರುವಿನಲ್ಲಿ ಅವರಲ್ಲೂ ಕುಲಕುಲಗಳ ನಡುವೆ ಕೊಲೆ, ಸೇಡು ಎಲ್ಲ ನಡೆದಿತ್ತು. ನುನುಕು ಫೆನುವಾ ಅನ್ನುವ ಮುಖಂಡ ಅದಕ್ಕೆ ತಡೆ ಹಾಕಿದ. ಕೊಲ್ಲುವಂತಿಲ್ಲ. ಜಗಳ ಬಂದರೆ ಇಬ್ಬರೂ ಹೆಬ್ಬೆರಳು ದಪ್ಪದ ಕೋಲು ಹಿಡಿದು ಹೊಡೆದಾಡಬಹುದು. ಚರ್ಮ ಕಿತ್ತು ರಕ್ತ ಕಂಡಿತೋ, ಅಲ್ಲಿಗೆ ಜಗಳ ಮುಗಿಯಿತು. ಹಳೆಯ ಆಯುಧಗಳನ್ನು ಪೂಜೆಯ ಜಾಗದಲ್ಲಿ ಇಟ್ಟುಬಿಟ್ಟರು.

ಅಡ್ಡಮಾತು

ಕೋಪಕ್ಕೂ ಒಂದು ಜಾಗ ಬಿಟ್ಟಿದ್ದಾನೆ ನೋಡಿ. ಕೋಪವೇ ಮಾಡಬೇಡಿ ಅಂದಿದ್ದರೆ ಆ ಕಾನೂನು ಒಂದು ವಾರ ಉಳಿಯುತ್ತಿರಲಿಲ್ಲ. ಆದರೆ ನನ್ನ ಪ್ರಶ್ನೆ ಬೇರೆ. ಇಡೀ ಕಥೆಯಿಂದ ತಿಳಿಯುವುದು ಇಷ್ಟೇ ಅಲ್ವಾ: ಆಯುಧ ಕೆಳಗಿಟ್ಟರು, ಸತ್ತರು?

ವೆಲ್ಲಿಂಗ್ಟನ್ ವಾಸಿ

ಅಷ್ಟು ಬೇಗ ತೀರ್ಪು ಬೇಡ ಸರ್. ಪೂರ್ತಿ ಹೇಳುತ್ತೇನೆ, ಸ್ವಲ್ಪ ಉದ್ದ ಆಗುತ್ತದೆ.

1791ರ ನವೆಂಬರ್ 29. ಬ್ರೌಟನ್ ಎಂಬ ಅಧಿಕಾರಿಯ ಹಡಗು ಉತ್ತರದ ಕೈಂಗರೋವಾ ಕೊಲ್ಲಿಗೆ ಬಂತು. ದಡದಲ್ಲಿ ಏನೋ ತಪ್ಪು ತಿಳಿವಳಿಕೆ ಆಗಿ ಗುಂಡು ಹಾರಿತು, ಒಬ್ಬ ಮೊರಿಯೋರಿ ಸತ್ತ. ಆಮೇಲೆ ಹಿರಿಯರು ಸೇರಿ ಏನು ಮಾತಾಡಿಕೊಂಡರು ಗೊತ್ತಾ? ತಪ್ಪು ನಮ್ಮ ಕಡೆಯೂ ಇತ್ತು, ಮುಂದೆ ಬರುವವರನ್ನು ಶಾಂತಿಯ ಗುರುತಿನೊಂದಿಗೆ ಬರಮಾಡಿಕೊಳ್ಳೋಣ ಅಂತ.

ಮುಂದೆ ಬಂದವರು ಸೀಲ್ ಬೇಟೆಯವರು, ತಿಮಿಂಗಿಲ ಬೇಟೆಯವರು. ಸೀಲ್‌ಗಳನ್ನು ಬಳಿದುಕೊಂಡು ಹೋದರು. ಬಿಟ್ಟುಹೋದದ್ದು ರೋಗ.

1835. ಉತ್ತರ ದ್ವೀಪದ ತರನಾಕಿ ಕಡೆಯ ಎರಡು ಮಾವೋರಿ ಕುಲಗಳು, ಙಾತಿ ಮುತುಂಗಾ ಮತ್ತು ಙಾತಿ ತಮಾ, ಆಗ ವೆಲ್ಲಿಂಗ್ಟನ್ ಕೊಲ್ಲಿಯಲ್ಲಿ ನೆಲೆಸಿದ್ದವು. (ನಮ್ಮ ವರ್ಣಮಾಲೆಯ ಙ ಅಕ್ಷರಕ್ಕೆ ಕೊನೆಗೂ ಒಂದು ಕೆಲಸ ಸಿಕ್ಕಿತು.) ಬಂದೂಕು ಜಾಸ್ತಿ ಇದ್ದ ಬೇರೆ ಕುಲಗಳ ಕಾಟಕ್ಕೆ ಅವರೂ ತಮ್ಮ ಊರು ಬಿಟ್ಟು ಬಂದವರೇ. ಲಾರ್ಡ್ ರಾಡ್ನಿ ಅನ್ನುವ ಹಡಗನ್ನು ಹಿಡಿದು, ಬಲವಂತದಿಂದ ಎರಡು ಸಲ ಓಡಿಸಿ, ನವೆಂಬರ್ ಮತ್ತು ಡಿಸೆಂಬರಿನಲ್ಲಿ ಸುಮಾರು 900 ಜನ ಚಾಟಮ್‌ಗೆ ಇಳಿದರು. ಬಂದೂಕು, ಕೊಡಲಿ ಸಮೇತ. ನಾನು ದಿನಾ ಮಧ್ಯಾಹ್ನ ಊಟದ ಡಬ್ಬಿ ಬಿಚ್ಚುವ ಬೆಂಚಿಗೆ ಎದುರಾಗಿ ಇರುವುದು ಅದೇ ಕೊಲ್ಲಿ. ಹೋಗಿ ಬಂದ ಮೇಲೆ ಅಲ್ಲಿ ಕೂತರೆ ಒಂಥರಾ ಆಗುತ್ತದೆ.

ಹಡಗಿನ ಪ್ರಯಾಣದಲ್ಲಿ ಸುಸ್ತಾಗಿ, ಕಾಯಿಲೆ ಬಿದ್ದು ಬಂದವರನ್ನು ಮೊರಿಯೋರಿಗಳೇ ಉಪಚರಿಸಿದರು. ಸ್ವಲ್ಪ ದಿನದಲ್ಲಿ ಬಂದವರ ಉದ್ದೇಶ ಗೊತ್ತಾಯಿತು. ಹಿನ್ನೀರು ಸಮುದ್ರ ಸೇರುವ ತೆ ಅವಪತಿಕಿ ಅನ್ನುವಲ್ಲಿ ಸುಮಾರು ಸಾವಿರ ಗಂಡಸರು ಸಭೆ ಸೇರಿದರು. ಯುವಕರು, ನಾವು ಸಂಖ್ಯೆಯಲ್ಲಿ ಜಾಸ್ತಿ ಇದ್ದೇವೆ, ಎದುರಿಸೋಣ ಅಂದರು. ತಪಾತಾ, ತೋರೆಯಾ ಎಂಬ ಇಬ್ಬರು ಹಿರಿಯರು, ನುನುಕುವಿನ ಕಟ್ಟುಪಾಡು ಸಮಯ ನೋಡಿ ಬದಲಾಯಿಸುವಂಥದ್ದಲ್ಲ ಅಂದರು. ನೆಲ, ಆಹಾರ ಹಂಚಿಕೊಳ್ಳೋಣ ಅಂತ ಬಂದವರ ಮುಂದೆ ಇಡುವುದು ಅಂತ ತೀರ್ಮಾನ ಆಯಿತು. ಆ ಮಾತು ತಲುಪುವ ಮೊದಲೇ ದಾಳಿ ಶುರು.

ಸುಮಾರು 300 ಜನ ಕೊಲೆಯಾದರು. ಉಳಿದವರು ಗುಲಾಮರಾದರು.

ನಿವೃತ್ತ ಮೇಷ್ಟ್ರು

ಇಲ್ಲಿ ಸ್ವಲ್ಪ ನಿಲ್ಲಿ. ಆಗ ಮೊರಿಯೋರಿಗಳ ಒಟ್ಟು ಸಂಖ್ಯೆ ಎಷ್ಟು?

ವೆಲ್ಲಿಂಗ್ಟನ್ ವಾಸಿ

ಸುಮಾರು 1,700 ಮೇಷ್ಟ್ರೇ.

ನಿವೃತ್ತ ಮೇಷ್ಟ್ರು

ಹಾಗಾದರೆ ಅಡ್ಡಮಾತು ಅವರ ಲೆಕ್ಕ ತಪ್ಪುತ್ತದೆ. ದಾಳಿಯಲ್ಲಿ ಸತ್ತವರು 300. ಮಿಕ್ಕ ಸಾವಿರಕ್ಕೂ ಹೆಚ್ಚು ಜನ ಹೋದದ್ದು ಹೇಗೆ?

ವೆಲ್ಲಿಂಗ್ಟನ್ ವಾಸಿ

ಅದೇ ವಿಷಯ. 1862ರಲ್ಲಿ ಉಳಿದಿದ್ದವರು 101. ಆ ವರ್ಷ ಮೊರಿಯೋರಿ ಹಿರಿಯರು ಗವರ್ನರ್ ಜಾರ್ಜ್ ಗ್ರೇಗೆ ಅರ್ಜಿ ಬರೆದರು. ಜೊತೆಗೆ ಒಂದು ಪಟ್ಟಿ ಮಾಡಿದರು. 1835ರಲ್ಲಿ ಬದುಕಿದ್ದ ಪ್ರತಿಯೊಬ್ಬರ ಹೆಸರು, ಅವರಲ್ಲಿ ಯಾರು ಸತ್ತರು ಅನ್ನುವ ಗುರುತು. ಸತ್ತವರು 1,561. ನೆನಪಿನಿಂದ ಹೆಕ್ಕಿ ಹೆಕ್ಕಿ ಬರೆದ ಪಟ್ಟಿ ಅದು.

ಹೆಚ್ಚಿನವರು ಸತ್ತದ್ದು ಗುಲಾಮಗಿರಿಯಲ್ಲಿ. ದುಡಿತ, ರೋಗ, ಮತ್ತೆ ಬದುಕುವ ಆಸೆಯೇ ಹೋಗಿ. ತಮ್ಮತಮ್ಮಲ್ಲೇ ಮದುವೆ ಆಗುವಂತಿರಲಿಲ್ಲ. ತಮ್ಮ ಭಾಷೆ ಆಡುವಂತಿರಲಿಲ್ಲ. ತಮ್ಮ ಪವಿತ್ರ ಜಾಗಗಳನ್ನು ತಾವೇ ಹೊಲಸು ಮಾಡಬೇಕಾಯಿತು.

ಮತ್ತು ಇದು ನಡೆದದ್ದು ಯಾರ ರಾಜ್ಯದಲ್ಲಿ? ಬ್ರಿಟಿಷ್ ಸಾಮ್ರಾಜ್ಯದಲ್ಲಿ ಗುಲಾಮಗಿರಿ ರದ್ದು ಮಾಡುವ ಕಾನೂನು 1833ರಲ್ಲೇ ಆಗಿತ್ತು. ಚಾಟಮ್ ದ್ವೀಪಗಳನ್ನು 1842ರಲ್ಲಿ ನ್ಯೂಜಿಲೆಂಡಿಗೆ ಸೇರಿಸಿದರು. ಮೊರಿಯೋರಿಗಳು ಬಿಡುಗಡೆ ಆದರು ಅಂತ ಅಲ್ಲಿನ ಮ್ಯಾಜಿಸ್ಟ್ರೇಟ್ ಸಾರಿದ್ದು 1863ರಲ್ಲಿ. ನಡುವಿನ ಇಪ್ಪತ್ತೊಂದು ವರ್ಷ ಸರ್ಕಾರದ ಲೆಕ್ಕದಲ್ಲಿ ಇವರು ಬ್ರಿಟಿಷ್ ಪ್ರಜೆಗಳು.

ಅಡ್ಡಮಾತು

ಸಂಖ್ಯೆ ಒಪ್ಪಿದೆ. ಆದರೂ ಸಾವಿರ ಗಂಡಸರು ಒಟ್ಟಿಗೆ ನುಗ್ಗಿದ್ದರೆ ಏನೋ ಆಗುತ್ತಿತ್ತು ಅನ್ನುವುದು ನನ್ನ ವಾದ. ನಾನಾಗಿದ್ದರೆ ಯುವಕರ ಪಕ್ಷ.

ನಿವೃತ್ತ ಮೇಷ್ಟ್ರು

ಆಗುತ್ತಿತ್ತೋ ಏನೋ. ಆದರೆ ಆ ಕಾಲದಲ್ಲಿ ನ್ಯೂಜಿಲೆಂಡಿನಲ್ಲಿ ಬಂದೂಕು ಇಲ್ಲದೆ ಎದುರು ನಿಂತು ಹೋರಾಡಿದ ಎಷ್ಟೋ ಮಾವೋರಿ ಕುಲಗಳೂ ಕೊಲೆಯಾದವು, ಗುಲಾಮರಾದವು. ಹೋರಾಡಿದವರಿಗೆ ಬೇರೆ ಗತಿ ಏನೂ ಸಿಗಲಿಲ್ಲ. ಚಾಟಮ್‌ನಲ್ಲಿ ಒಂದು ಕಡೆ ಬಂದೂಕು, ಇನ್ನೊಂದು ಕಡೆ ಹೆಬ್ಬೆರಳು ದಪ್ಪದ ಕೋಲು. ದುಬಾರಿ ಬಿದ್ದದ್ದು ಅಹಿಂಸೆಯೋ ಬಂದೂಕು ಇಲ್ಲದ್ದೋ ಅಂತ ಬೇರೆ ಮಾಡಿ ನೋಡಬೇಕು. ಮೂವತ್ತೆರಡು ವರ್ಷ ಚರಿತ್ರೆ ಪಾಠ ಮಾಡಿದ್ದೇನೆ. ಸೋತವರ ಸ್ವಭಾವದಲ್ಲೇ ಸೋಲಿನ ಕಾರಣ ಹುಡುಕುವುದು ಮಕ್ಕಳಿಗೂ ಸುಲಭ, ಪಠ್ಯ ಬರೆಯುವವರಿಗೂ ಸುಲಭ.

ಕಿರಿಕ್ ಕೃಷ್ಣ

ಅಂದರೆ ಮಾವೋರಿಗಳೂ ಮೂಲನಿವಾಸಿಗಳಲ್ಲ ಅಂತಾಯಿತು. ನ್ಯೂಜಿಲೆಂಡಿನಲ್ಲಿ ಮೊದಲು ಇದ್ದದ್ದು ಈ ಮೊರಿಯೋರಿಗಳು, ಮಾವೋರಿಗಳು ಅವರನ್ನು ಓಡಿಸಿ ನೆಲ ಹಿಡಿದರು, ಆಮೇಲೆ ಬ್ರಿಟಿಷರು ಮಾವೋರಿಗಳಿಗೆ ಅದನ್ನೇ ಮಾಡಿದರು. ನಾನು ಎಲ್ಲೋ ಓದಿದ್ದೇನೆ. ಲೆಕ್ಕ ಸರಿಹೋಯಿತಲ್ಲ?

ವೆಲ್ಲಿಂಗ್ಟನ್ ವಾಸಿ

ಈ ಕಮೆಂಟಿಗೆ ಕಾಯುತ್ತಿದ್ದೆ. ಇಲ್ಲಿ ಪಾರ್ಟಿಗಳಲ್ಲೂ ಯಾರಾದರೂ ಒಬ್ಬರು ಇದನ್ನು ಹೇಳೇ ಹೇಳುತ್ತಾರೆ.

ಇದು ತಪ್ಪು. ಮೊರಿಯೋರಿಗಳೂ ಪಾಲಿನೇಷ್ಯನ್ನರೇ. ಮಾವೋರಿಗಳೂ ಇವರೂ ಒಂದೇ ಮೂಲದ ಕವಲುಗಳು. ಮೊರಿಯೋರಿ ಅನ್ನುವ ಬದುಕು, ಭಾಷೆ ರೂಪ ಪಡೆದದ್ದು ಚಾಟಮ್‌ನಲ್ಲಿ. ನ್ಯೂಜಿಲೆಂಡಿನ ಮುಖ್ಯ ದ್ವೀಪಗಳಲ್ಲಿ ಮಾವೋರಿಗಳಿಗಿಂತ ಮೊದಲು ಬೇರೊಂದು "ಕೆಳದರ್ಜೆಯ" ಜನಾಂಗ ಇತ್ತು, ಮೊರಿಯೋರಿಗಳು ಅದರ ಉಳಿಕೆ ಅಂತ ಪರ್ಸಿ ಸ್ಮಿತ್, ಎಲ್ಸ್‌ಡನ್ ಬೆಸ್ಟ್ ಮುಂತಾದವರು ಬರೆದರು. 1916ರಲ್ಲಿ ಅದು ಶಾಲಾ ಮಕ್ಕಳ ಪತ್ರಿಕೆಯಲ್ಲೂ ಬಂತು. ಎಚ್.ಡಿ. ಸ್ಕಿನ್ನರ್ ಎಂಬ ಮಾನವಶಾಸ್ತ್ರಜ್ಞ 1923ರಲ್ಲೇ ಅದು ಸುಳ್ಳು ಅಂತ ತೋರಿಸಿದರು. ಆದರೆ ಶಾಲೆಯಲ್ಲಿ ಕಲಿತದ್ದು ಬೇಗ ಹೋಗುವುದಿಲ್ಲ. ಎರಡು ತಲೆಮಾರು ಅದನ್ನೇ ನಂಬಿತು.

ನಂಬಲು ಕಾರಣವೂ ಇತ್ತು. ಮಾವೋರಿಗಳೂ ಕಿತ್ತುಕೊಂಡವರೇ ಅಂದುಬಿಟ್ಟರೆ, ಅವರಿಂದ ಕಿತ್ತುಕೊಂಡವರಿಗೆ ನಿದ್ದೆ ಚೆನ್ನಾಗಿ ಬರುತ್ತದೆ.

ಕಿರಿಕ್ ಕೃಷ್ಣ

ಸರಿ, ಹಿಂದೆಗೆದುಕೊಂಡೆ. ಆದರೆ 1835ರಲ್ಲಿ ಮಾಡಿದ್ದಂತೂ ಮಾವೋರಿಗಳೇ. ಅದನ್ನು ಮುಚ್ಚಿಡಬೇಡಿ.

ವೆಲ್ಲಿಂಗ್ಟನ್ ವಾಸಿ

ಯಾರೂ ಮುಚ್ಚಿಡುತ್ತಿಲ್ಲ. "ಮಾವೋರಿಗಳು" ಅನ್ನುವ ಬದಲು ಎರಡು ಕುಲದ ಹೆಸರು ಹೇಳಿದರೆ ಸರಿ. ಙಾತಿ ಮುತುಂಗಾದವರು ಇವತ್ತಿಗೂ ದ್ವೀಪದಲ್ಲಿದ್ದಾರೆ. ಎರಡೂ ಕಡೆಯವರ ನಡುವೆ ಮದುವೆ, ನೆಂಟಸ್ತಿಕೆ ಆಗಿ ಎಷ್ಟೋ ಕಾಲ ಆಯಿತು. ನಾನು ಉಳಿದಿದ್ದ ಮನೆಯಾಕೆಗೆ ಎರಡೂ ಕಡೆಯ ಅಜ್ಜಿಯರಿದ್ದರು. ಆಕೆಯ ಹತ್ತಿರ ಈ ವಿಷಯ ಕೇಳಲು ನನಗೆ ಬಾಯಿ ಬರಲಿಲ್ಲ.

ಕೋರ್ಟಿನ ಕಥೆ ಬಾಕಿ ಇದೆ. 1870ರಲ್ಲಿ ದ್ವೀಪದ ನೆಲ ಯಾರದು ಅಂತ ತೀರ್ಮಾನ ಮಾಡಲು ನೇಟಿವ್ ಲ್ಯಾಂಡ್ ಕೋರ್ಟ್ ಕೂತಿತು. ಗೆದ್ದು ಹಿಡಿದದ್ದು ನಮ್ಮ ಪದ್ಧತಿ ಪ್ರಕಾರ ಸರಿ ಅಂತ ಙಾತಿ ಮುತುಂಗಾದವರು ಹೇಳಿದರು. ಕೋರ್ಟು ಒಪ್ಪಿತು. 97 ಶೇಕಡಕ್ಕಿಂತ ಜಾಸ್ತಿ ನೆಲ ಅವರಿಗೆ, ಮೂರು ಶೇಕಡವೂ ಇಲ್ಲದಷ್ಟು ಮೊರಿಯೋರಿಗಳಿಗೆ. ತಮಾಷೆ ಏನೆಂದರೆ, ಗೆದ್ದವರಲ್ಲಿ ಬಹಳಷ್ಟು ಜನ ಅದಕ್ಕೆ ಎರಡು ವರ್ಷ ಮೊದಲೇ ತರನಾಕಿಗೆ ವಾಪಸ್ ಹೋಗಿಬಿಟ್ಟಿದ್ದರು.

ಹಕ್ಕಿಗಣ್ಣು

ನಾನು ಹಕ್ಕಿ ನೋಡುವವಳು. ಚಾಟಮ್ ಹೆಸರು ನನಗೆ ಗೊತ್ತಿದ್ದದ್ದು ಬೇರೆ ಕಾರಣಕ್ಕೆ. ಅಲ್ಲಿ ಕಪ್ಪು ರಾಬಿನ್ ಅನ್ನುವ ಪುಟ್ಟ ಹಕ್ಕಿ ಇದೆ. 1980ರಲ್ಲಿ ಇಡೀ ಪ್ರಪಂಚದಲ್ಲಿ ಉಳಿದದ್ದು ಐದೇ ಹಕ್ಕಿ. ಮೊಟ್ಟೆ ಇಡುತ್ತಿದ್ದ ಹೆಣ್ಣು ಒಂದೇ ಒಂದು. ಅದರ ಕಾಲಿಗೆ ನೀಲಿ ಪಟ್ಟಿ ಇತ್ತು, ಓಲ್ಡ್ ಬ್ಲೂ ಅಂತ ಹೆಸರಿಟ್ಟರು. ಡಾನ್ ಮರ್ಟನ್ ಮತ್ತು ಅವರ ತಂಡ ಅದರ ಮೊಟ್ಟೆಗಳನ್ನು ತೆಗೆದು ಬೇರೆ ಜಾತಿಯ ಹಕ್ಕಿಯ ಗೂಡಿನಲ್ಲಿ ಇಟ್ಟರು. ಗೂಡು ಖಾಲಿ ಆಯಿತು ಅಂತ ಓಲ್ಡ್ ಬ್ಲೂ ಮತ್ತೆ ಮೊಟ್ಟೆ ಇಟ್ಟಿತು. ನಮ್ಮ ಕೋಗಿಲೆ ಕಾಗೆಗೆ ಮಾಡುವ ಮೋಸವನ್ನು ಮನುಷ್ಯರು ಒಳ್ಳೆಯದಕ್ಕೆ ಮಾಡಿದ ಹಾಗೆ. ಈಗ ಇನ್ನೂರಕ್ಕೂ ಹೆಚ್ಚು ಕಪ್ಪು ರಾಬಿನ್‌ಗಳಿವೆ. ಎಲ್ಲವೂ ಆ ಒಂದು ಹೆಣ್ಣಿನ ಸಂತಾನ.

ಈ ಚರ್ಚೆ ಓದುತ್ತಾ ಒಂದು ವಿಷಯ ತಲೆಗೆ ಬಂತು. ಐದು ಹಕ್ಕಿ ಉಳಿದಾಗ "ಇನ್ನೂ ಇದೆ" ಅಂದರು. ನೂರೊಂದು ಜನ ಉಳಿದಾಗ "ಮುಗಿಯಿತು" ಅಂದರು.

ತುಂಗಾತೀರ

ಮೇಡಂ, ಈ ಮಾತು ಓದಿ ಸುಮ್ಮನೆ ಕೂತುಬಿಟ್ಟೆ.

ಹಾಗಾದರೆ 1933ರ ಆ "ಕೊನೆಯವನು" ಯಾರು?

ವೆಲ್ಲಿಂಗ್ಟನ್ ವಾಸಿ

ಟಾಮಿ ಸೊಲೊಮನ್. ಅವರ ಹೆಸರು ತಾಮೆ ಹೊರೊಮೊನಾ ರೇಹೆ. ಕುರಿ ಸಾಕಣೆ ಮಾಡಿ ಚೆನ್ನಾಗಿ ಬಾಳಿದವರು, ಆಳು ಭಾರೀ ದಪ್ಪ, ದ್ವೀಪದಲ್ಲಿ ಎಲ್ಲರಿಗೂ ಬೇಕಾದವರು. ತಂದೆ ತಾಯಿ ಇಬ್ಬರೂ ಮೊರಿಯೋರಿ ಆಗಿದ್ದವರಲ್ಲಿ ಕೊನೆಯವರು ಅಂತ ಪತ್ರಿಕೆಗಳು ಬರೆದವು. ಅಲ್ಲಿಂದ "ಕೊನೆಯ ಮೊರಿಯೋರಿ" ಅಂತಾಯಿತು. ಅವರ ಹೆಂಡತಿ ಮಾವೋರಿ. ಅವರಿಗೆ ಮಕ್ಕಳಿದ್ದರು, ಮೊಮ್ಮಕ್ಕಳಿದ್ದಾರೆ. ಆ ಮಕ್ಕಳು ಮನೆಯಲ್ಲಿ ಓಡಾಡುತ್ತಿರುವಾಗಲೇ ನಿಮ್ಮ ಜನ ಮುಗಿಯಿತು ಅಂತ ಸುದ್ದಿ ಬಂದರೆ ಹೇಗಿರುತ್ತದೆ? 1986ರಲ್ಲಿ ದ್ವೀಪದ ಕಡಲತೀರದಲ್ಲಿ ಅವರ ಪ್ರತಿಮೆ ನಿಲ್ಲಿಸಿದರು, ಆಗಿನ ಪ್ರಧಾನಿ ಡೇವಿಡ್ ಲಾಂಗಿ ಬಂದು ಅನಾವರಣ ಮಾಡಿದರು. ಪ್ರತಿಮೆ ನಿಲ್ಲಿಸಲು ಓಡಾಡಿದವರು ಅವರ ಮೊಮ್ಮಕ್ಕಳ ಕಡೆಯವರೇ.

ಅರ್ಧ ಕೊಡಗು

ನನ್ನ ಅಮ್ಮ ಮಡಿಕೇರಿ, ಅಪ್ಪ ಧಾರವಾಡ. ಈ ಲೆಕ್ಕದಲ್ಲಿ ನಾನು ಹುಟ್ಟಿದ ದಿನವೇ ಎರಡೂ ಕಡೆ ಒಂದೊಂದು ತಲೆ ಕಮ್ಮಿ ಆಯಿತು. ಅಮ್ಮನಿಗೆ ಹೇಳಿದೆ. "ಪಂದಿ ಕರಿ ಮುಂದೆ ಇಟ್ಟು ನೋಡಲಿ, ಗೊತ್ತಾಗುತ್ತೆ ಯಾರು ಅಂತ" ಅಂದಳು.

ನಿವೃತ್ತ ಮೇಷ್ಟ್ರು

ನಿಮ್ಮ ಅಮ್ಮ ಆ ಕೋರ್ಟಿನಲ್ಲಿ ಇರಬೇಕಿತ್ತು.

ಈಗಿನ ಪರಿಸ್ಥಿತಿ ಏನು? ಒಪ್ಪಂದದಲ್ಲಿ ಏನಿದೆ?

ವೆಲ್ಲಿಂಗ್ಟನ್ ವಾಸಿ

1988ರಲ್ಲಿ ಮೊರಿಯೋರಿಗಳು ವೈತಂಗಿ ಟ್ರಿಬ್ಯುನಲ್ (ಸರ್ಕಾರದಿಂದ ಆದ ಅನ್ಯಾಯದ ದೂರು ವಿಚಾರಿಸುವ ಆಯೋಗ) ಮುಂದೆ ದಾವೆ ಹಾಕಿದರು. ಟ್ರಿಬ್ಯುನಲ್ ವರದಿ ಬಂದದ್ದು 2001ರಲ್ಲಿ. 1870ರ ತೀರ್ಪು ತಪ್ಪು, ಗುಲಾಮಗಿರಿ ನಡೆಯಲು ಬಿಟ್ಟದ್ದು ಸರ್ಕಾರದ ತಪ್ಪು ಅಂತ ಅದರಲ್ಲಿತ್ತು. ಒಪ್ಪಂದಕ್ಕೆ ಸಹಿ ಬಿದ್ದದ್ದು 2020ರ ಫೆಬ್ರವರಿ 14ರಂದು, ಕಾನೂನು ಆದದ್ದು 2021ರಲ್ಲಿ. 1.8 ಕೋಟಿ ನ್ಯೂಜಿಲೆಂಡ್ ಡಾಲರ್, ಕೆಲವು ಮುಖ್ಯ ಜಾಗಗಳು, ತೆ ಫಾಂಗಾ ಹಿನ್ನೀರಿನಲ್ಲಿ ಅರ್ಧ ಪಾಲು. ಮೊರಿಯೋರಿ ಅನ್ನುವುದು ಮುಗಿದುಹೋದ ಜನಾಂಗ ಅಂತ ಹಬ್ಬಿದ ಸುಳ್ಳಿಗೂ ಸರ್ಕಾರ ಕ್ಷಮೆ ಕೇಳಿತು. ಜನಗಣತಿಯಲ್ಲಿ ತಾವು ಮೊರಿಯೋರಿ ಅಂತ ಬರೆಸುವವರು ಈಗ ಸಾವಿರದ ಆಸುಪಾಸು. ಹೆಚ್ಚಿನವರು ಇರುವುದು ನ್ಯೂಜಿಲೆಂಡಿನ ಊರುಗಳಲ್ಲಿ.

ನನಗೆ ಮರೆಯಲಾಗದ್ದು ಕೋಪಿಂಗಾ. 2005ರಲ್ಲಿ ಕಟ್ಟಿದ ಅವರ ಸಭಾಮನೆ, ಗುಡ್ಡದ ಮೇಲಿದೆ. ರೆಕ್ಕೆ ಬಿಚ್ಚಿದ ಆಲ್ಬಟ್ರಾಸ್ ಥರ ಅದರ ಆಕಾರ. ಒಳಗೆ ನಟ್ಟನಡುವೆ ಒಂದು ಕಂಬ. ಅದರ ಮೇಲೆ 1835ರಲ್ಲಿ ಬದುಕಿದ್ದವರ ಹೆಸರುಗಳು, ಆ ಹಿರಿಯರು ಮಾಡಿದ ಪಟ್ಟಿಯಿಂದ ತೆಗೆದದ್ದು. ಸುತ್ತ ತಿರುಗಿ ಓದಲು ನೋಡಿದೆ. ನಲವತ್ತು ಹೆಸರಿನ ತನಕ ಹೋಗಿ ಕಣ್ಣು ಸೋತಿತು.

ನಿವೃತ್ತ ಮೇಷ್ಟ್ರು

ನಮ್ಮೂರಿನ ಕೆರೆ ಏರಿಯ ಮೇಲೆ ಮೂರು ವೀರಗಲ್ಲುಗಳಿವೆ. ಹೋರಾಡಿ ಸತ್ತವರಿಗೆ ಕಲ್ಲು ನಿಲ್ಲಿಸುವುದು ನಮಗೆ ಗೊತ್ತು. ಹೋರಾಡುವುದಿಲ್ಲ ಅಂತ ನಿಂತು ಸತ್ತವರಿಗೆ ಕಂಬ ನಿಲ್ಲಿಸಿದ್ದನ್ನು ನಾನು ಕೇಳಿದ್ದು ಇದೇ ಮೊದಲು. ಅದೂ ಒಬ್ಬೊಬ್ಬರ ಹೆಸರು ಹಿಡಿದು. ನಮ್ಮ ಕಲ್ಲುಗಳಲ್ಲಿ ಎಷ್ಟೋ ಕಡೆ ಹೆಸರೇ ಉಳಿದಿಲ್ಲ.

ಅಡ್ಡಮಾತು

ಮೇಷ್ಟ್ರೇ, ನೀವು ನನ್ನನ್ನು ಅರ್ಧ ಒಪ್ಪಿಸಿದಿರಿ. ಇನ್ನರ್ಧ ಇನ್ನೂ ಯುವಕರ ಪಕ್ಷದಲ್ಲೇ ಇದೆ.

ಕಲ್ಲುಮಣ್ಣು

ಮರದ ಮೇಲಿನ ಕೆತ್ತನೆ ಬಗ್ಗೆ ಯಾರೂ ಹೇಳಲಿಲ್ಲ?

ವೆಲ್ಲಿಂಗ್ಟನ್ ವಾಸಿ

ಅಯ್ಯೋ ಮರೆತೇಬಿಟ್ಟೆ. ಕೋಪಿ ಮರದ ತೊಗಟೆಯ ಮೇಲೆ ಮನುಷ್ಯರ, ಹಕ್ಕಿಗಳ ಆಕಾರ ಕೆತ್ತಿದ್ದಾರೆ. ಮೊಣಕಾಲು ಮಡಚಿ, ಎದೆಗೂಡು ಕಾಣುವ ಹಾಗೆ ನಿಂತ ಆಕಾರಗಳು. ಹಾಪೂಪು ಅನ್ನುವಲ್ಲಿ ಒಂದು ತೋಪು ಉಳಿದಿದೆ. ತೊಂದರೆ ಏನೆಂದರೆ ಇದು ಕಲ್ಲಲ್ಲ, ಜೀವ ಇರುವ ಮರ. ಮರ ದಪ್ಪ ಆದರೆ ಕೆತ್ತನೆ ಹಿಗ್ಗುತ್ತದೆ, ಮರ ಸತ್ತರೆ ಕೆತ್ತನೆಯೂ ಹೋಗುತ್ತದೆ. ಸುತ್ತಲ ಕಾಡು ಕಡಿದ ಮೇಲೆ ಉಪ್ಪುಗಾಳಿ ನೇರ ಬಡಿಯುತ್ತದೆ. ದನಗಳು ಮೈ ಉಜ್ಜುತ್ತಿದ್ದವು, ಈಗ ಬೇಲಿ ಇದೆ. ಉಳಿದ ಕೆತ್ತನೆಗಳನ್ನು ಲೇಸರ್‌ನಿಂದ ಅಳೆದು ಕಂಪ್ಯೂಟರಿನಲ್ಲಿ ಇಟ್ಟಿದ್ದಾರೆ. ನಾನು ನೋಡಿದ್ದು ನಾಲ್ಕೋ ಐದೋ. ಒಂದರಲ್ಲಿ ಮುಖ ಮಾತ್ರ ಗೊತ್ತಾಗುತ್ತಿತ್ತು.

ಬೈಂದೂರು ಕಡಲು

ಭಾಷೆ?

ವೆಲ್ಲಿಂಗ್ಟನ್ ವಾಸಿ

ಅದನ್ನು ಚೆನ್ನಾಗಿ ಆಡಬಲ್ಲ ಕೊನೆಯವರು ಹಿರವಾನು ತಾಪು, 1900ರಲ್ಲಿ ತೀರಿಕೊಂಡರು. ಪುಣ್ಯಕ್ಕೆ ಅವರಿಂದ ಮಾತು, ಕಥೆ, ಹಾಡು ಕೇಳಿ ಅಲೆಕ್ಸಾಂಡರ್ ಶಾಂಡ್ ಎಂಬುವರು ಬರೆದಿಟ್ಟಿದ್ದರು. ಈಗ ಆ ಬರಹಗಳಿಂದಲೇ ಪದ ಎತ್ತಿ ಮಕ್ಕಳಿಗೆ ಕಲಿಸುತ್ತಿದ್ದಾರೆ, ಫೋನಿನಲ್ಲಿ ಕಲಿಯುವ ಆ್ಯಪ್ ಕೂಡ ಬಂದಿದೆ. ಅವರ ಕಾಗದಗಳು "ಮೆ ರೊಂಗೊ" ಅಂತ ಮುಗಿಯುತ್ತವೆ, ಶಾಂತಿಯಿಂದ ಅಂತ ಅರ್ಥ. ವಿದೇಶಿ ಮ್ಯೂಸಿಯಂಗಳು ಹಿಂದೆ ಹೊತ್ತೊಯ್ದ ಪೂರ್ವಜರ ಮೂಳೆಗಳೂ ಒಂದೊಂದಾಗಿ ವಾಪಸ್ ಬರುತ್ತಿವೆ. 2022ರಲ್ಲಿ ಲಂಡನ್ನಿನಿಂದ ನೂರಕ್ಕೂ ಹೆಚ್ಚು ಜನರ ಅವಶೇಷ ಬಂದವು.

ಹೋಗುವ ಆಸೆ ಇದ್ದವರಿಗೆ: ರೂಮು ಮೊದಲೇ ಬುಕ್ ಆಗಿರಬೇಕು, ಹೋಗಿ ಹುಡುಕುತ್ತೇನೆ ಅಂದರೆ ಆಗುವುದಿಲ್ಲ. ಎಲ್ಲವೂ ಹಡಗು ಅಥವಾ ವಿಮಾನದಲ್ಲಿ ಬರಬೇಕು, ಹಾಗಾಗಿ ಬೆಲೆ ಜಾಸ್ತಿ. ಸಸ್ಯಾಹಾರಿಗಳು ಚಟ್ನಿಪುಡಿ ಕಟ್ಟಿಕೊಂಡು ಹೋಗಿ. ನಾನು ಮೂರನೇ ದಿನಕ್ಕೆ ಬ್ರೆಡ್ಡಿಗೆ ಉಪ್ಪಿನಕಾಯಿ ಹಚ್ಚಿಕೊಂಡು ತಿಂದವನು. ಟೋಪಿ ತಗೊಂಡು ಹೋಗಬೇಡಿ, ಗಾಳಿಗೆ ಉಳಿಯುವುದಿಲ್ಲ.

ತುಂಗಾತೀರ

ಎಲ್ಲರಿಗೂ ಧನ್ಯವಾದ. ಮಗಳಿಗೆ ಹೇಳಿದೆ, ಇದ್ದಾರೆ ಕಣೇ ಅಂತ. ಓಲ್ಡ್ ಬ್ಲೂ ಕಥೆಯನ್ನು ಎರಡು ಸಲ ಹೇಳಿಸಿಕೊಂಡಳು. ಆಮೇಲೆ ಪೆನ್ನು ತಂದು ಗ್ಲೋಬಿನ ಆ ಚುಕ್ಕೆಯ ಪಕ್ಕ "ರೇಕೊಹು" ಅಂತ ಬರೆದಿದ್ದಾಳೆ. ಜಾಗ ಸಾಲಲಿಲ್ಲ, "ಹು" ಕೆಳಗೆ ಸಮುದ್ರಕ್ಕೆ ಬಿದ್ದಿದೆ.

ವೆಲ್ಲಿಂಗ್ಟನ್ ವಾಸಿ

ಬಿದ್ದ ಕಡೆ ಪಿಟ್ ದ್ವೀಪ ಇರಬೇಕು ಸರ್, ನೋಡಿ.